ಮರುಸೃಷ್ಟಿ ಚರ್ವಿತಚರ್ವಣವೇ?

ಹಳೆಯ ಕೃತಿಯನ್ನು ಮತ್ತೆ ರಚಿಸುವುದೆಂದರೆ ಅಗಿದದ್ದನ್ನೇ ಅಗಿಯುವುದೆಂದು ತಿಳಿದವರು ನಮ್ಮಲ್ಲಿ ಬಹಳ ಮಂದಿ. ವಿಡಿಯೋ ಆಟಗಳ ವಿಷಯದಲ್ಲಂತೂ ಈ ತಾತ್ಸಾರ ಇಮ್ಮಡಿ. ಆಟವೇ ಕಾಲಹರಣ, ಅದರ ಮರುಸೃಷ್ಟಿಯಂತೂ ಕೇವಲ ವ್ಯಾಪಾರವೆಂಬ ವಾದ! ಇದನ್ನು ನಾನು ಒಪ್ಪಲಾರೆ.

ಭಯಾನಕ ರಸವೇ ಪ್ರಧಾನವಾದ ಒಂದು ಬಗೆಯ ಆಟಗಳಿವೆ. ಅಲ್ಲಿ ಶೌರ್ಯಕ್ಕಿಂತ ಮಿತವ್ಯಯ ಮುಖ್ಯ. ಗುಂಡು ಕಡಮೆ, ಮದ್ದು ಕಡಮೆ; ಜೀವ ಉಳಿಸಿಕೊಂಡು ಹೊರಬರುವುದೇ ಗುರಿ. ಜಪಾನಿನ ಕ್ಯಾಪ್ಕಾಮ್ ಕಂಪನಿ 1996ರಲ್ಲಿ ಹೊರತಂದ ‘ರೆಸಿಡೆಂಟ್ ಈವಿಲ್’ ಈ ಬಗೆಯಲ್ಲಿ ಪ್ರಸಿದ್ಧವಾದುದು. ನಡೆದಾಡುವ ಹೆಣಗಳು ತುಂಬಿದ ಬಂಗಲೆಯೊಂದರ ಕಥೆ ಅದು. ನಿರ್ದೇಶಕ ಶಿಂಜಿ ಮಿಕಾಮಿಯವರೇ 2002ರಲ್ಲಿ ಅದನ್ನು ಮತ್ತೆ ಕಟ್ಟಿದರು. ಮೊದಲಿನ ಆಟದಲ್ಲಿ ಹೊಡೆದುರುಳಿಸಿದ ಹೆಣ ಮತ್ತೆ ಏಳುತ್ತಿರಲಿಲ್ಲ. ಎರಡನೆಯದರಲ್ಲಿ, ತಲೆ ಹಾರಿಸದೆ, ಸುಡದೆ ಬಿಟ್ಟ ಹೆಣ ಇನ್ನಷ್ಟು ಉಗ್ರವಾಗಿ ಎದ್ದು ಬರುತ್ತದೆ. ಸುಡಲು ಬೇಕಾದ ಸೀಮೆಎಣ್ಣೆಯೋ ಅಳತೆಯದು. ಯಾವುದಕ್ಕೆ ಸುರಿಯಬೇಕು, ಯಾವುದನ್ನು ಬಿಡಬೇಕು? ಮಳೆ ಕಡಮೆಯಾದ ನಮ್ಮ ಚಳ್ಳಕೆರೆ, ಮೊಳಕಾಲ್ಮೂರು ಸೀಮೆಯವರಿಗೆ ಈ ಸಂಕಟವನ್ನು ಬಿಡಿಸಿ ಹೇಳಬೇಕಾಗಿಲ್ಲ. ಇದ್ದೊಂದು ಕೊಡ ನೀರು ದನಕ್ಕೋ ಮನೆಗೋ ಎಂದು ಅಳೆದವರು ನಾವು.

ಇದಕ್ಕಿಂತ ಮಿಗಿಲಾದುದು ಲೀಸಾ ಟ್ರೆವರ್ ಎಂಬ ಹೊಸ ಪಾತ್ರ. ಕಂಡೊಡನೆ ಅಂಜಿ ಓಡಬೇಕಾದ ಆ ವಿಕಾರ ರೂಪ, ಬಂಗಲೆಯ ವಾಸ್ತುಶಿಲ್ಪಿಯ ಮಗಳೇ ಆಗಿರುತ್ತದೆ. ಪ್ರಯೋಗಗಳಿಗೆ ಬಲಿಯಾಗಿ, ಇಂದಿಗೂ ತಾಯಿಯನ್ನು ಹುಡುಕುತ್ತಿರುವವಳು ಅವಳು. ಇದು ತಿಳಿದ ಮೇಲೆ ಭಯದೊಳಗೆ ಕರುಣೆ ಬೆರೆಯುತ್ತದೆ. ಮೊದಲ ಕೃತಿಯಲ್ಲಿ ಈ ರಸ ಇರಲಿಲ್ಲ.

ಮರುಸೃಷ್ಟಿಯೆಲ್ಲವೂ ಶ್ರೇಷ್ಠವೆಂಬುದು ನನ್ನ ಮತವಲ್ಲ. 1999ರಲ್ಲಿ ಬಂದ ಇದೇ ಮಾಲೆಯ ಮೂರನೆಯ ಆಟ 2020ರಲ್ಲಿ ಮರಳಿದಾಗ, ಗಡಿಯಾರ ಗೋಪುರದೊಳಗಿನ ಸಂಚಾರವನ್ನೇ ಕಳೆದುಕೊಂಡಿತ್ತು. ಬಣ್ಣ ಹೆಚ್ಚಿತು, ಹುರುಳು ಕಡಮೆಯಾಯಿತು.

ಕಥೆ ಮೊದಲೇ ತಿಳಿದಿದ್ದರೆ ರಸವೆಲ್ಲಿಯದು ಎಂದು ಕೆಲವರು ಕೇಳಬಹುದು. ನಮ್ಮ ಕಡೆಯ ದೊಡ್ಡಾಟವನ್ನು ನೋಡಿರಿ. ಅಭಿಮನ್ಯು ಉಳಿಯನೆಂದು ಬಲ್ಲವರೇ ಬೆಳಗಾಗುವ ತನಕ ಕುಳಿತಿರುತ್ತಾರೆ.

ನಮ್ಮ ಮನೆತನದಲ್ಲಿ ಪದವಿಯ ತನಕ ಓದಿದವರಲ್ಲಿ ನಾನೇ ಮೊದಲು. ನನ್ನ ಹಿರಿಯರ ಕಥೆಗಳು ಪುಸ್ತಕದಲ್ಲಿಲ್ಲ. ಮತ್ತೆ ಮತ್ತೆ ಹೇಳಿದ್ದರಿಂದಲೇ ಉಳಿದಿವೆ. ಓದಿದವರೆಂಬ ಹಮ್ಮಿನಲ್ಲಿ ಅವನ್ನು ಹಳತೆಂದು ತಳ್ಳಿದರೆ, ಅವು ನಮ್ಮ ತಲೆಮಾರಿನೊಡನೆಯೇ ಮುಗಿಯುತ್ತವೆ. ನಾಳೆ ನಮ್ಮಲ್ಲಿ ಯಾರಾದರೂ ಅವನ್ನು ನಾಟಕವಾಗಿಯೋ ವಿಡಿಯೋ ಆಟವಾಗಿಯೋ ಕಟ್ಟಿದರೆ, ಇದು ಮೂಲದಲ್ಲಿದೆಯೇ ಎಂದು ಕೇಳುವ ಮೊದಲು, ಮೂಲಕ್ಕೆ ಏನನ್ನು ಕೂಡಿಸಿತು ಎಂದು ಕೇಳೋಣ.