"ಕೊಟ್ರೂ ಮಾರ್ಕೊಂಡು ಹೋಗ್ತಾರೆ" ಅನ್ನೋರಿಗೆ ಡಿವಿಟಿ ಎಂಬ ಊರಿನ ಕಥೆ



ಸ್ವಲ್ಪ ಉದ್ದದ ಪೋಸ್ಟ್. ಪುರುಸೊತ್ತು ಮಾಡ್ಕೊಂಡು ಪೂರ್ತಿ ಓದಿ.

"ಇವರಿಗೆ ಜಮೀನು ಕೊಟ್ಟು ಏನು ಪ್ರಯೋಜನ ರೀ? ನಾಲ್ಕು ದಿನ ಇಟ್ಕೊಂಡು ಮಾರ್ಕೊಂಡು ಹೋಗ್ತಾರೆ." ಈ ಮಾತನ್ನ ಕೇಳದ ದಲಿತರು ಈ ರಾಜ್ಯದಲ್ಲಿ ಇರಲಿಕ್ಕಿಲ್ಲ. ಪಿಟಿಸಿಎಲ್ ವಿಷಯ ಪೇಪರಿನಲ್ಲಿ ಬಂದ ದಿನವಂತೂ ಕಚೇರಿಯಲ್ಲಿ ಟೀ ಕುಡಿಯೋ ಹೊತ್ತಿಗೆ ಯಾರಾದರೊಬ್ಬರು ಹೇಳೇ ಹೇಳ್ತಾರೆ. ಓದಿದವರೇ ಹೇಳೋದು. ನಮ್ಮ ಮೇಲೆ ಅನುಕಂಪ ಇಟ್ಕೊಂಡವರ ಹಾಗೆ ಹೇಳೋದು.

ಈ ಮಾತಿಗೆ ಉತ್ತರವಾಗಿ ನಾನು ಇವತ್ತು ಬಹಳ ದೂರದ ಒಂದು ಊರಿನ ಕಥೆ ಹೇಳ್ತೀನಿ. ಅಮೆರಿಕಾದ ನೆಬ್ರಾಸ್ಕಾ ರಾಜ್ಯದ ಡಿವಿಟಿ. ಕಪ್ಪು ಜನ ಸರ್ಕಾರದಿಂದ ಜಮೀನು ಪಡೆದು ಕಟ್ಟಿದ ಊರು. ಈಗ ಅಲ್ಲಿ ಊರಿಲ್ಲ, ಹುಲ್ಲು ಇದೆ. ಅಲ್ಲಿನ ಜಮೀನೂ ಕೈಬಿಟ್ಟು ಹೋಯ್ತು. ಯಾಕೆ ಹೋಯ್ತು ಅನ್ನೋದೇ ನಮಗೆ ಮುಖ್ಯ.

ಮೊದಲು ಆ ನೆಲ ಎಂಥದ್ದು ಅಂತ ನೋಡಿ. ನೆಬ್ರಾಸ್ಕಾದ ಕಾಲು ಭಾಗ ಮರಳು ಗುಡ್ಡಗಳು. ಸ್ಯಾಂಡ್‌ಹಿಲ್ಸ್ ಅಂತಾರೆ. ಸುಮಾರು 50,000 ಚದರ ಕಿಲೋಮೀಟರ್, ಅಂದ್ರೆ ನಮ್ಮ ಕರ್ನಾಟಕದ ನಾಲ್ಕನೇ ಒಂದು ಭಾಗದಷ್ಟು. ಮರಳಿನ ಮೇಲೆ ಹುಲ್ಲು ಬೆಳೆದು, ಆ ಹುಲ್ಲಿನ ಬೇರು ಮರಳನ್ನ ಹಿಡ್ಕೊಂಡಿದೆ. ಆ ಹುಲ್ಲನ್ನ ನೇಗಿಲಿಂದ ಕಿತ್ತರೆ ಗಾಳಿಗೆ ಮರಳು ಹಾರಿಹೋಗುತ್ತೆ. ಹಾಗಾಗಿ ಅದು ಬೇಸಾಯದ ಭೂಮಿ ಅಲ್ಲ, ದನ ಮೇಯಿಸೋ ಭೂಮಿ. ಒಂದು ಹಸು ವರ್ಷಪೂರ್ತಿ ಮೇಯಬೇಕಾದ್ರೆ ಹತ್ತು ಎಕರೆಗಿಂತ ಹೆಚ್ಚು ಬೇಕು.

ಇದರ ನಡುವೆ ಚೆರ್ರಿ ಕೌಂಟಿ. ಕೌಂಟಿ ಅಂದ್ರೆ ನಮ್ಮ ಜಿಲ್ಲೆ ಇದ್ದ ಹಾಗೆ. ಮೈಸೂರು ಜಿಲ್ಲೆಯ ಎರಡು ಪಟ್ಟಿಗಿಂತಲೂ ದೊಡ್ಡದು. ಜನಸಂಖ್ಯೆ ಮಾತ್ರ ಸುಮಾರು 5,500. ಮನುಷ್ಯರಿಗಿಂತ ದನಗಳೇ ಹತ್ತಾರು ಪಟ್ಟು ಜಾಸ್ತಿ. ನಾರ್ತ್ ಲೂಪ್ ಅನ್ನೋ ಹೊಳೆಯ ದಂಡೆಯಲ್ಲಿ ಬ್ರೌನ್ಲೀ ಅಂತ ಒಂದು ಪುಟ್ಟ ಊರಿದೆ, ಸುತ್ತಲೂ ರ‍್ಯಾಂಚ್‌ಗಳು. ರ‍್ಯಾಂಚ್ ಅಂದ್ರೆ ಸಾವಿರಾರು ಎಕರೆಗೆ ತಂತಿಬೇಲಿ ಎಳೆದು ದನ ಸಾಕೋ ಜಾಗ. ಬ್ರೌನ್ಲೀಗೆ ಸ್ವಂತ ಪಂಚಾಯ್ತಿ ಇಲ್ಲ, ಪುರಸಭೆ ಇಲ್ಲ, ಎಲ್ಲ ಆಡಳಿತವೂ ಕೌಂಟಿಯದ್ದೇ. ಅದೇ ಹೊಳೆಯ ದಂಡೆಯಲ್ಲಿ ಕೆಲವೇ ಮೈಲಿ ದೂರದಲ್ಲಿ ಇದ್ದದ್ದು ಡಿವಿಟಿ.

ಇಲ್ಲಿ ಒಂದು ಮಾತು ಮೊದಲೇ ಹೇಳಿಬಿಡ್ತೀನಿ. ಈ ನೆಲ ಸರ್ಕಾರದ್ದೂ ಅಲ್ಲ, ರ‍್ಯಾಂಚಿನವರದ್ದೂ ಅಲ್ಲ. ಲಕೋಟಾ, ಪಾನೀ ಮುಂತಾದ ಮೂಲನಿವಾಸಿಗಳು ಓಡಾಡಿದ, ಬೇಟೆಯಾಡಿದ ನೆಲ. ಅವರನ್ನ ಅಲ್ಲಿಂದ ಹೊರದಬ್ಬಿದ ಮೇಲೆಯೇ ಅದು "ಸರ್ಕಾರಿ ಜಮೀನು" ಆಗಿದ್ದು. 1887ರ ಡಾಸ್ ಕಾಯ್ದೆ ಬಂದಾಗ ಮೂಲನಿವಾಸಿಗಳ ಕೈಲಿ 13.8 ಕೋಟಿ ಎಕರೆ ಇತ್ತು. 1934ರ ಹೊತ್ತಿಗೆ ಉಳಿದಿದ್ದು 4.8 ಕೋಟಿ. ಕಪ್ಪು ಜನಕ್ಕೆ ಸಿಕ್ಕ ಭೂಮಿಯ ಕೆಳಗೂ ಈ ಅನ್ಯಾಯ ಇದೆ. ಅದನ್ನ ಮುಚ್ಚಿಟ್ಟು ಮುಂದಕ್ಕೆ ಹೋಗೋದು ನಮಗೆ ಶೋಭೆ ಅಲ್ಲ.

ಈಗ ಕಾಯ್ದೆಗಳ ಲೆಕ್ಕ. 1862ರಲ್ಲಿ ಲಿಂಕನ್ ಸಹಿ ಹಾಕಿದ ಹೋಮ್‌ಸ್ಟೆಡ್ ಕಾಯ್ದೆ ಬಂತು. 160 ಎಕರೆ ತಗೊಳ್ಳಿ, ಐದು ವರ್ಷ ಅಲ್ಲೇ ಮನೆ ಕಟ್ಕೊಂಡು ಸಾಗುವಳಿ ಮಾಡಿ, ಆಮೇಲೆ ಹಕ್ಕುಪತ್ರ ನಿಮ್ಮದು. ಆಗ ಕಪ್ಪು ಜನರಲ್ಲಿ ಬಹುಪಾಲು ಇನ್ನೂ ಗುಲಾಮರು. ಅರ್ಜಿ ಹಾಕೋದು ಎಲ್ಲಿಂದ ಬಂತು? 1865ರಲ್ಲಿ, ಬಿಡುಗಡೆಯಾದವರಿಗೆ ದಕ್ಷಿಣದ ಕರಾವಳಿಯಲ್ಲಿ 40 ಎಕರೆವರೆಗೆ ಕೊಡ್ತೀವಿ ಅಂತ ಜನರಲ್ ಶೆರ್ಮನ್ ಆದೇಶ ಹೊರಡಿಸಿದ. ಅದೇ ವರ್ಷ ಅಧ್ಯಕ್ಷ ಆಂಡ್ರ್ಯೂ ಜಾನ್ಸನ್ ಅದನ್ನ ವಾಪಸ್ ತಗೊಂಡು ಭೂಮಿಯನ್ನ ಹಳೇ ಯಜಮಾನರಿಗೇ ಕೊಟ್ಟ. ಒಟ್ಟು ಹೋಮ್‌ಸ್ಟೆಡ್ ಲೆಕ್ಕದಲ್ಲಿ ಹಂಚಿದ್ದು ಸುಮಾರು 27 ಕೋಟಿ ಎಕರೆ. ಅದರಲ್ಲಿ ಮಧ್ಯದ ಬಯಲು ರಾಜ್ಯಗಳಲ್ಲಿ ಕಪ್ಪು ಜನರಿಗೆ ಹಕ್ಕುಪತ್ರ ಆದದ್ದು ಸುಮಾರು 6.5 ಲಕ್ಷ ಎಕರೆ.

ಹೀಗೆ ನಲವತ್ತು ವರ್ಷ ಕಳೆಯೋ ಹೊತ್ತಿಗೆ ನೀರಿದ್ದ, ಕಪ್ಪು ಮಣ್ಣಿದ್ದ, ರೈಲು ಹಾದಿಗೆ ಹತ್ತಿರ ಇದ್ದ ಜಮೀನೆಲ್ಲ ಖಾಲಿ. ಉಳಿದಿದ್ದು ಮರಳು ಗುಡ್ಡ. ಅದನ್ನೂ ದೊಡ್ಡವರು ಬಿಟ್ಟಿರಲಿಲ್ಲ. ಸ್ಪೇಡ್ ರ‍್ಯಾಂಚ್ ಅನ್ನೋ ದೊಡ್ಡ ದನದ ಕಂಪನಿ ಲಕ್ಷಾಂತರ ಎಕರೆ ಸರ್ಕಾರಿ ಜಮೀನಿಗೆ ತಂತಿಬೇಲಿ ಹಾಕ್ಕೊಂಡು ಕೂತಿತ್ತು. 1905ರಲ್ಲಿ ಕೇಸು ನಡೆದು, ಮಾಲೀಕರಾದ ಬಾರ್ಟ್ಲೆಟ್ ರಿಚರ್ಡ್ಸ್ ಮತ್ತು ವಿಲಿಯಂ ಕಾಮ್‌ಸ್ಟಾಕ್ ತಪ್ಪೊಪ್ಪಿಕೊಂಡರು. ಶಿಕ್ಷೆ ಎಷ್ಟು ಗೊತ್ತಾ? 300 ಡಾಲರ್ ದಂಡ, ಆರು ಗಂಟೆ ಬಂಧನ! ಅಧ್ಯಕ್ಷ ರೂಸ್‌ವೆಲ್ಟ್ ಸಿಟ್ಟಾದ ಮೇಲೆ ಮತ್ತೆ ಕೇಸು ನಡೀತು. ಸೈನಿಕರ ವಿಧವೆಯರು ಮುಂತಾದವರ ಹೆಸರಲ್ಲಿ ಬೇನಾಮಿ ಅರ್ಜಿ ಹಾಕಿಸಿ ಜಮೀನು ಹೊಡೆದದ್ದು ಸಾಬೀತಾಗಿ ಒಂದು ವರ್ಷ ಜೈಲು ಶಿಕ್ಷೆ ಆಯ್ತು. ರಿಚರ್ಡ್ಸ್ 1911ರಲ್ಲಿ ಆ ಶಿಕ್ಷೆಯ ಅವಧಿಯಲ್ಲೇ ತೀರಿಕೊಂಡ. ಗೋಮಾಳ ಒತ್ತುವರಿ, ಬೇನಾಮಿ ದರಖಾಸ್ತು ನಮ್ಮ ತಾಲ್ಲೂಕಿನಲ್ಲಿ ಮಾತ್ರ ನಡೆಯೋದು ಅಂದ್ಕೊಂಡವರು ಇದನ್ನ ಗಮನಿಸಬೇಕು.

ಇದೇ ಸಮಯದಲ್ಲಿ, 1904ರಲ್ಲಿ, ಕಿಂಕೇಡ್ ಕಾಯ್ದೆ ಬಂತು. ಪಶ್ಚಿಮ ನೆಬ್ರಾಸ್ಕಾದ 37 ಕೌಂಟಿಗಳಲ್ಲಿ ಒಬ್ಬೊಬ್ಬರಿಗೆ 640 ಎಕರೆ ಕೊಡುತ್ತೆ ಅಂತ. 640 ಎಕರೆ! ಎರಡು ಎಕರೆಗಾಗಿ ಇಪ್ಪತ್ತು ವರ್ಷ ತಾಲ್ಲೂಕು ಕಚೇರಿಗೆ ಅಲೆಯೋ ನಮ್ಮ ಜನಕ್ಕೆ ಇದು ಸಾಮ್ರಾಜ್ಯದ ಹಾಗೆ ಕೇಳ್ಸುತ್ತೆ. ಆದರೆ ಕಾಯ್ದೆಯ ಒಳಗೇ ಒಂದು ಷರತ್ತಿತ್ತು: ನೀರಾವರಿ ಮಾಡಬಹುದಾದ ಜಮೀನು ಇದರಲ್ಲಿ ಸೇರಲ್ಲ. ಅಂದ್ರೆ ನೀರು ಬರೋ ನೆಲವನ್ನ ಬರಹದಲ್ಲೇ ಹೊರಗಿಟ್ಟು, ಒಣ ಮರಳನ್ನ ಎಕರೆ ಲೆಕ್ಕದಲ್ಲಿ ಹಂಚಿದರು. ನಮ್ಮ ಪಹಣಿ ಭಾಷೆಯಲ್ಲಿ ಹೇಳೋದಾದ್ರೆ ಬಹುಪಾಲು ಖರಾಬು. ಮೇಲೆ ಲೆಕ್ಕ ಹೇಳಿದೆನಲ್ಲ, ಅದರ ಪ್ರಕಾರ 640 ಎಕರೆಯಲ್ಲಿ ಐವತ್ತು ಅರವತ್ತು ಹಸು ಮೇಯಿಸಿದ್ರೆ ಹೆಚ್ಚು. ಆ ಹಸು ಕೊಳ್ಳೋಕೆ ದುಡ್ಡು? ಅದನ್ನ ಯಾವ ಕಾಯ್ದೆಯೂ ಕೊಡಲಿಲ್ಲ.

ಈ ಭೂಮಿಗೆ 1907ರ ಹೊತ್ತಿಗೆ ಕಪ್ಪು ಕುಟುಂಬಗಳು ಬಂದವು. ಹಲವರು ನೆಬ್ರಾಸ್ಕಾದ ಓವರ್ಟನ್ ಅನ್ನೋ ಊರಿನವರು. ಅವರ ಹಿರಿಯರು ಗುಲಾಮಗಿರಿ ತಪ್ಪಿಸ್ಕೊಂಡು ಕೆನಡಾಕ್ಕೆ ಓಡಿ, ಆಮೇಲೆ ವಾಪಸ್ ಬಂದವರು. ಅವರ ಜೊತೆ ಚಾರ್ಲ್ಸ್ ಮೀಹನ್ ಅನ್ನೋ ಬಿಳಿಯ, ಅವನ ಹೆಂಡತಿ ಹೆಸ್ಟರ್ ಫ್ರೀಮನ್ ಅನ್ನೋ ಕಪ್ಪು ಹೆಣ್ಣುಮಗಳು. ಬಿಳಿಯರು ಕಪ್ಪು ಜನರ ಮದುವೆಯನ್ನ ನಿಷೇಧಿಸೋ ಕಾನೂನು ನೆಬ್ರಾಸ್ಕಾದಲ್ಲಿ 1963ರವರೆಗೂ ಇತ್ತು ಅನ್ನೋದನ್ನ ನೆನಪಲ್ಲಿಟ್ಟು ಈ ದಂಪತಿಯ ಧೈರ್ಯ ಅಳೀಬೇಕು.

ಮರ ಇಲ್ಲದ ಜಾಗ. ಹುಲ್ಲಿನ ಸಮೇತ ನೆಲವನ್ನ ಇಟ್ಟಿಗೆ ಹಾಗೆ ಕತ್ತರಿಸಿ, ಒಂದರ ಮೇಲೊಂದು ಪೇರಿಸಿ ದಪ್ಪ ಗೋಡೆಯ ಮನೆ ಕಟ್ಟಿದರು. ಮರಳು ಗುಡ್ಡದ ಜನಕ್ಕೆ ಸೌದೆ ಅಂದ್ರೆ ಒಣಗಿದ ಸಗಣಿ. ನಮ್ಮ ಅವ್ವಂದಿರು ತಟ್ಟಿದ ಬೆರಣಿ ನೆನಪಾಗಲ್ವಾ? ಹೀಗಿದ್ದೂ ಅವರು ಚರ್ಚು ಕಟ್ಟಿದರು, ಶಾಲೆ ನಡೆಸಿದರು, ಬೇಸ್‌ಬಾಲ್ ತಂಡ ಕಟ್ಟಿದರು. ಅಂಚೆ ಕಚೇರಿ ತಂದರು. ಊರಿಗೆ ಡಿವಿಟಿ ಅಂತ ಹೆಸರು ಬಂದದ್ದು ಪೋಸ್ಟ್‌ಮಾಸ್ಟರರಿಂದ. ಮುಂದೆ ಆ ಅಂಚೆ ಕಚೇರಿಯ ಹೆಸರು ಆಡೇಷಿಯಸ್ ಅಂತ ಬದಲಾಯ್ತು. ಎದೆಗಾರಿಕೆ ಇರೋರು ಅಂತ ಅರ್ಥ. ಆ ಊರಲ್ಲಿ ಬೆಳೆದ ಏವಾ ಸ್ಪೀಸ್ ಡೇ ಅನ್ನೋ ಹೆಣ್ಣುಮಗಳು ತನ್ನ ಬಾಲ್ಯದ ನೆನಪುಗಳನ್ನ ಬರೆದಿಟ್ಟಿದ್ದರಿಂದ ಎಷ್ಟೋ ಸಂಗತಿ ಉಳಿದಿದೆ. ಬರೀಬೇಕು ಗೆಳೆಯರೇ, ನಮ್ಮ ಹಟ್ಟಿಗಳ ಬಗ್ಗೆ ನಾವೇ ಬರೀಬೇಕು.

ಪಕ್ಕದ ಬ್ರೌನ್ಲೀಯ ಬಿಳಿ ಜನರ ಜೊತೆ ಇವರ ಸಂಬಂಧ ಚೆನ್ನಾಗೇ ಇತ್ತು. ಒಟ್ಟಿಗೆ ಆಟ ಆಡ್ತಿದ್ದರು, ಹಬ್ಬ ಮಾಡ್ತಿದ್ದರು. ಆದರೂ ಮೊದಲ ಮಹಾಯುದ್ಧ ಮುಗಿದು ಬೆಳೆ, ದನದ ಬೆಲೆ ಬಿದ್ದಾಗ ತಡೆದುಕೊಳ್ಳೋಕೆ ಆಗಲಿಲ್ಲ. ಉತ್ತ ನೆಲದಲ್ಲಿ ಫಸಲು ಬರ್ತಿರಲಿಲ್ಲ. 1920ರ ದಶಕದಲ್ಲಿ ಒಬ್ಬೊಬ್ಬರಾಗಿ ಹೊರಟರು. 1930ರ ದಶಕದ ಮಧ್ಯಕ್ಕೆ ಊರು ಮುಗೀತು. ಜಮೀನೆಲ್ಲ ರ‍್ಯಾಂಚುಗಳ ಬೇಲಿಯೊಳಗೆ ಸೇರಿತು. 2016ರಲ್ಲಿ ಅವರ ವಂಶಸ್ಥರು ಸೇರಿ ಹೆದ್ದಾರಿ ಬದಿಯಲ್ಲಿ ಒಂದು ಸ್ಮಾರಕ ಫಲಕ ಹಾಕಿಸಿದ್ದಾರೆ.

ಈಗ ಹೇಳಿ, ಇವರು "ಮಾರ್ಕೊಂಡು ಹೋದವರಾ"? ಐದು ವರ್ಷ ಇದ್ದು ತೋರಿಸಿ ಅಂದ್ರು, ಇದ್ದರು. ಎಕರೆಗೆ 1.25 ಡಾಲರ್ ಬೆಲೆಯಷ್ಟು ಅಭಿವೃದ್ಧಿ ಮಾಡಿ ಅಂದ್ರು, ಮಾಡಿದರು. ಹಕ್ಕುಪತ್ರ ಕೈಗೆ ಬಂತು. ಸೋಮಾರಿತನ ಎಲ್ಲಿದೆ ಇಲ್ಲಿ?

"ಬಿಳಿಯರಿಗೂ ಹಾಗೇ ಆಯ್ತಲ್ಲ" ಅಂತ ಯಾರಾದ್ರೂ ಕೇಳಬಹುದು. ಹೌದು, ಕಿಂಕೇಡ್ ಜಮೀನು ತಗೊಂಡ ಬಿಳಿ ಬಡವರೂ ದೊಡ್ಡ ಸಂಖ್ಯೆಯಲ್ಲಿ ಮಾರಿ ಹೋದರು. ಅದೇ ನನ್ನ ವಾದಕ್ಕೆ ಸಾಕ್ಷಿ. ಕಾರಣ ಚರ್ಮದಲ್ಲೂ ಇರಲಿಲ್ಲ, ಗುಣದಲ್ಲೂ ಇರಲಿಲ್ಲ, ಆ ಹಂಚಿಕೆಯಲ್ಲಿತ್ತು. ವ್ಯತ್ಯಾಸ ಏನಂದ್ರೆ, ಬಿಳಿಯರಿಗೆ ಮೊದಲ ಪಂಕ್ತಿಯ ಊಟವೂ ಸಿಕ್ಕಿತ್ತು. ಕಪ್ಪು ಜನ ಕೂತದ್ದು ಕೊನೇ ಪಂಕ್ತಿಗೆ, ಎಲೆ ಹಾಸಿದ್ದರು, ಪಾತ್ರೆ ಖಾಲಿಯಾಗಿತ್ತು.

ಇದನ್ನ ಅರ್ಥ ಮಾಡ್ಕೊಳ್ಳೋಕೆ ನಮಗೆ ಬಾಬಾಸಾಹೇಬರೇ ದಾರಿ ತೋರಿಸಿದ್ದಾರೆ. ಡಿವಿಟಿ ಊರು ತುಂಬಿಕೊಂಡಿದ್ದ ಕಾಲದಲ್ಲೇ, 1913ರಿಂದ 1916ರವರೆಗೆ, ಅವರು ಅದೇ ಅಮೆರಿಕಾದ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಅರ್ಥಶಾಸ್ತ್ರ ಓದ್ತಿದ್ದರು. 1918ರಲ್ಲಿ ಭಾರತದ ಸಣ್ಣ ಹಿಡುವಳಿಗಳ ಬಗ್ಗೆ ಒಂದು ಲೇಖನ ಬರೆದರು. ಹಿಡುವಳಿ ದೊಡ್ಡದಾದ ಮಾತ್ರಕ್ಕೆ ಲಾಭದಾಯಕ ಆಗಲ್ಲ, ಅದರ ಮೇಲೆ ಹೂಡೋ ಬಂಡವಾಳ, ದುಡಿಮೆ, ಸಲಕರಣೆ ಎಷ್ಟಿದೆ ಅನ್ನೋದರ ಮೇಲೆ ಅದು ನಿಂತಿದೆ ಅನ್ನೋದು ಅದರ ತಿರುಳು. ಡಿವಿಟಿಯ 640 ಎಕರೆಗೆ ಈ ಮಾತು ಹಾಗೇ ಹೊಂದುತ್ತೆ. 1947ರ 'ರಾಜ್ಯಗಳು ಮತ್ತು ಅಲ್ಪಸಂಖ್ಯಾತರು' ಕೃತಿಯಲ್ಲಿ ಪರಿಶಿಷ್ಟ ಜಾತಿಗಳಿಗೆ ಪ್ರತ್ಯೇಕ ವಸತಿ ಪ್ರದೇಶ ಬೇಕು ಅಂತ ಕೇಳಿದಾಗಲೂ ಅವರು ಬರೀ ಜಾಗ ಕೊಡಿ ಅನ್ನಲಿಲ್ಲ. ಅದಕ್ಕೊಂದು ಆಯೋಗ ಇರಬೇಕು, ಕೇಂದ್ರ ಸರ್ಕಾರ ಅದಕ್ಕೆ ವರ್ಷಕ್ಕೆ 5 ಕೋಟಿ ರೂಪಾಯಿ ಕೊಡಬೇಕು ಅಂತ ಬರೆದರು.

ನಾವು ಈ ಎರಡನೇ ಭಾಗವನ್ನ ಮರೀತಾ ಇದ್ದೀವಿ ಅನ್ನೋದು ನನ್ನ ಆತಂಕ. 1978ರ ಪಿಟಿಸಿಎಲ್ ಕಾಯ್ದೆ ಮಂಜೂರಾದ ಜಮೀನಿನ ಪರಭಾರೆಗೆ ತಡೆ ಹಾಕಿತು. 2017ರಲ್ಲಿ ಸುಪ್ರೀಂ ಕೋರ್ಟ್ ತೀರ್ಪಿನಿಂದ, ತಡವಾಗಿ ಬಂದ ಅರ್ಜಿಗಳು ಬಿದ್ದುಹೋಗೋ ಪರಿಸ್ಥಿತಿ ಬಂತು. ಹೋರಾಟ ಮಾಡಿ 2023ರಲ್ಲಿ ತಿದ್ದುಪಡಿ ತಂದ್ವಿ. ಅದು ದೊಡ್ಡ ಗೆಲುವು, ಕಾಯ್ಕೋಬೇಕು. ಆದರೆ ಬೇಲಿ ಹಾಕಿದ ಮಾತ್ರಕ್ಕೆ ಬೆಳೆ ಬರಲ್ಲ. ಮಂಜೂರಾತಿ ಪತ್ರ ಇದ್ದು ಪೋಡಿ ಆಗದ ಜಮೀನು, ಪೋಡಿ ಆಗಿದ್ದು ದಾರಿ ಇಲ್ಲದ ಜಮೀನು, ದಾರಿ ಇದ್ದು ನೀರಿಲ್ಲದ ಜಮೀನು, ಎಲ್ಲಾ ಇದ್ದು ಬ್ಯಾಂಕಿನವರು ಸಾಲ ಕೊಡದ ಜಮೀನು. ಇಂಥ ಜಮೀನಿನ ಮಾಲೀಕ ಮಗಳ ಮದುವೆಗೋ ಆಸ್ಪತ್ರೆ ಖರ್ಚಿಗೋ ಪಕ್ಕದ ದೊಡ್ಡ ರೈತನ ಹತ್ರ ಕೈ ಚಾಚಿದಾಗ ಮಾತ್ರ ಎಲ್ಲರ ಕಣ್ಣಿಗೆ ಬೀಳ್ತಾನೆ.

ಹಾಗಾಗಿ ಇನ್ನು ಮುಂದೆ ನಮ್ಮ ಮನವಿ ಪತ್ರಗಳಲ್ಲಿ "ಭೂಹೀನರಿಗೆ ತಲಾ ಎರಡು ಎಕರೆ" ಅಂತ ಒಂದೇ ಸಾಲು ಬರೆದು ನಿಲ್ಲಿಸಬೇಡಿ. ಯಾವ ಸರ್ವೆ ನಂಬರು, ಎಂಥ ಮಣ್ಣು, ನೀರು ಎಲ್ಲಿಂದ, ದಾರಿ ಯಾವ ಕಡೆಯಿಂದ, ಪೋಡಿ ಯಾವ ದಿನಾಂಕದೊಳಗೆ, ಮೊದಲ ಐದು ವರ್ಷದ ಬಂಡವಾಳ ಯಾರು ಕೊಡ್ತಾರೆ ಅಂತ ಸಾಲು ಸಾಲಾಗಿ ಬರೀರಿ. ಗುಮಾಸ್ತನಾಗಿ ಹೇಳ್ತೀನಿ, ಕೇಳದ ವಿಷಯವನ್ನ ಯಾವ ಕಡತವೂ ತಾನಾಗಿ ಕೊಡಲ್ಲ.

ಮತ್ತೆ ಯಾರಾದ್ರೂ "ಕೊಟ್ರೂ ಮಾರ್ಕೊಂಡು ಹೋಗ್ತಾರೆ" ಅಂದ್ರೆ ಜಗಳ ಬೇಡ. "ಕೊಟ್ಟಿದ್ದೇನು, ಹೇಳಿ ಸ್ವಾಮಿ" ಅಂತ ಒಂದು ಪ್ರಶ್ನೆ ಕೇಳಿ ಸಾಕು.

ಜೈ ಭೀಮ್.