ರಾಜಾಜ್ಞೆಯೂ ಜನಸಮ್ಮತಿಯೂ

ಮುಸಲ್ಮಾನ ಸಮಾಜವು ಕಾಲಕ್ಕೆ ತಕ್ಕಂತೆ ಮಾರ್ಪಡಲಾರದೆಂಬ ಮಾತನ್ನು ನಮ್ಮಲ್ಲಿ ವಿದ್ಯಾವಂತರೆನಿಸಿಕೊಂಡವರೂ ಆಗಾಗ್ಗೆ ಆಡುವುದುಂಟು. ಆ ಸಮಾಜದೊಳಗಿನ ಕೆಲವು ಪೂರ್ವಾಚಾರಪರಾಯಣರೂ ಬೇರೊಂದು ಕಾರಣದಿಂದ ಇದೇ ಮಾತನ್ನು ಆಡುತ್ತಾರೆ. ಒಬ್ಬರದು ನಿಂದೆ, ಇನ್ನೊಬ್ಬರದು ಹೆಮ್ಮೆ. ಇತಿಹಾಸವು ಇಬ್ಬರ ಪಕ್ಷವನ್ನೂ ವಹಿಸುವುದಿಲ್ಲ. ಕಳೆದ ನೂರು ವರ್ಷಗಳಲ್ಲಿ ಮುಸಲ್ಮಾನ ರಾಷ್ಟ್ರಗಳು ಕಂಡಷ್ಟು ಮಾರ್ಪಾಟುಗಳನ್ನು ಬೇರೆ ಸಮಾಜಗಳು ಕಂಡಿರುವುದು ವಿರಳ. ಅವುಗಳಲ್ಲಿ ಕೆಲವು ಬೇರೂರಿದುವು, ಕೆಲವು ಒಂದೇ ಗಾಳಿಗೆ ಉರುಳಿದುವು. ಇದರ ಕಾರಣವೇನೆಂಬುದೇ ವಿಚಾರಿಸತಕ್ಕ ವಿಷಯವಾಗಿದೆ.

ಮೊದಲು ತುರ್ಕಸ್ಥಾನವನ್ನು ತೆಗೆದುಕೊಳ್ಳೋಣ. ಖಲೀಫರ ಪೀಠವು ಉಳಿಯಬೇಕೆಂದು ಭರತಖಂಡದ ಹಿಂದೂ ಮುಸಲ್ಮಾನರೀರ್ವರೂ ಒಟ್ಟಾಗಿ ಚಳವಳಿ ನಡೆಯಿಸಿದರು. ಆ ಪೀಠವನ್ನು 1924ನೆಯ ಮಾರ್ಚ್ 3ರಂದು ರದ್ದುಗೊಳಿಸಿದವರು ತುರ್ಕರೇ. 1926ರಲ್ಲಿ ಸ್ವಿಟ್ಜರ್‌ಲೆಂಡಿನ ಮಾದರಿಯ ಸಿವಿಲ್ ಸಂಹಿತೆಯೂ, 1928ರಲ್ಲಿ ಹೊಸ ಲಿಪಿಯೂ, 1934ರಲ್ಲಿ ರಾಷ್ಟ್ರಸಭೆಯ ಚುನಾವಣೆಗೆ ಹೆಂಗಸರ ಮತಾಧಿಕಾರವೂ ಬಂದುವು. ಇದೆಲ್ಲವೂ ಮುಸ್ತಫಾ ಕಮಾಲ ಪಾಷಾ ಒಬ್ಬರ ಪರಾಕ್ರಮವೆಂದು ಹೇಳುವ ವಾಡಿಕೆಯಿದೆ. ಆದರೆ 1839ರಲ್ಲಿಯೇ ಸುಲ್ತಾನರ ಸರಕಾರವು ಸುಧಾರಣೆಯ ಘೋಷಣೆಯನ್ನು ಹೊರಡಿಸಿತ್ತು. ಅಂದಿನಿಂದ ಹೊಸ ಶಾಲೆಗಳೂ ಹೊಸ ನ್ಯಾಯಾಲಯಗಳೂ ತಲೆಯೆತ್ತಿದ್ದುವು. ನ್ಯಾಯಾಧೀಶರು, ಉಪಾಧ್ಯಾಯರು, ಅಧಿಕಾರಿಗಳು ಮೂರು ತಲೆಮಾರಿನಷ್ಟು ಕಾಲ ಈ ದಾರಿಯಲ್ಲಿ ಪಳಗಿದ್ದರು. ಹೀಗೆ ಸಿದ್ಧವಾಗಿದ್ದ ಭೂಮಿಯಲ್ಲಿ ಬಿತ್ತಿದ್ದು ಫಲಿಸಿತು. ಸಿದ್ಧವಿಲ್ಲದೆಡೆ ಬಲಾತ್ಕಾರದಿಂದ ಹೇರಿದ್ದು ನಿಲ್ಲಲಿಲ್ಲ. 1932ರಲ್ಲಿ ಪ್ರಾರ್ಥನೆಯ ಕರೆಯನ್ನು ತುರ್ಕಿ ಭಾಷೆಯಲ್ಲಿಯೇ ಕೂಗತಕ್ಕದ್ದೆಂದು ವಿಧಿಸಿದರು. 1950ರಲ್ಲಿ ಜನರ ಮತದಿಂದ ಸರಕಾರವು ಬದಲಾದೊಡನೆ ಆ ಕರೆಯು ಮರಳಿ ಅರಬ್ಬೀಯಲ್ಲಿ ಕೇಳಿಬಂದಿತು. ಆದರೆ ಸಿವಿಲ್ ಸಂಹಿತೆಯನ್ನು ಜನರು ಕಿತ್ತೊಗೆಯಲಿಲ್ಲ. 2002ರಲ್ಲಿ ಜಾರಿಗೆ ಬಂದ ಹೊಸ ಸಂಹಿತೆಯು ಗಂಡನೇ ಕುಟುಂಬದ ಯಜಮಾನನೆಂಬ ಹಳೆಯ ವಿಧಿಯನ್ನೂ ತೆಗೆದುಹಾಕಿತು.

ಇದೇ ಕಾಲದಲ್ಲಿ ಅಫಘಾನಿಸ್ತಾನದ ಅಮಾನುಲ್ಲಾ ದೊರೆಗಳೂ ಇದೇ ದಾರಿಯನ್ನು ಹಿಡಿದರು. 1919ರಲ್ಲಿ ಆಂಗ್ಲರಿಂದ ತಮ್ಮ ನಾಡಿಗೆ ಪೂರ್ಣ ಸ್ವಾತಂತ್ರ್ಯವನ್ನು ಸಂಪಾದಿಸಿದ ಧೀರರವರು. ಹೆಣ್ಣುಮಕ್ಕಳಿಗೆ ಶಾಲೆಯನ್ನು ತೆರೆಯಿಸಿದರು, 1923ರಲ್ಲಿ ರಾಜ್ಯಾಂಗವನ್ನು ಕೊಟ್ಟರು. ಅವರ ಉದ್ದೇಶದಲ್ಲಿ ದೋಷವಿರಲಿಲ್ಲ. ಆದರೆ 1924ರ ಖೋಸ್ತ್ ಪ್ರಾಂತದ ದಂಗೆಯಿಂದ ಅವರು ಪಾಠ ಕಲಿಯಲಿಲ್ಲ. 1928ರಲ್ಲಿ ಯೂರೋಪಿನ ಪ್ರವಾಸದಿಂದ ಹಿಂದಿರುಗಿದವರೇ ಮಹಾಸಭೆಗೆ ಬಂದ ಬುಡಕಟ್ಟುಗಳ ಹಿರಿಯರಿಗೆ ಕೋಟು ಷರಾಯಿಗಳನ್ನು ತೊಡಿಸಿದರು. ಸೈನಿಕರ ಸಂಬಳ ಅಲ್ಪ, ಬೊಕ್ಕಸ ಬರಿದು, ಹಳ್ಳಿಗಳಲ್ಲಿ ಉಪಾಧ್ಯಾಯರಿಲ್ಲ; ಆಜ್ಞೆಗಳು ಮಾತ್ರ ಒಂದರ ಮೇಲೊಂದು ಹೊರಟುವು. ಅದೇ ನವೆಂಬರಿನಲ್ಲಿ ಶಿನ್ವಾರಿ ಜನರು ದಂಗೆಯೆದ್ದರು. ದೊರೆಗಳು ತಮ್ಮ ಆಜ್ಞೆಗಳನ್ನು ಹಿಂತೆಗೆದುಕೊಂಡರೂ ಕಾಲ ಮೀರಿತ್ತು. 1929ರ ಜನವರಿಯಲ್ಲಿ ಸಿಂಹಾಸನವನ್ನೇ ಬಿಡಬೇಕಾಯಿತು. ಕಟ್ಟಿಕೊಟ್ಟ ಬುತ್ತಿ, ಹೇಳಿಕೊಟ್ಟ ಬುದ್ಧಿ ಎಷ್ಟು ದಿನ ಬಂದೀತು?

ಹಾಗಾದರೆ ಜನರೆಲ್ಲರೂ ಒಪ್ಪುವವರೆಗೆ ಸುಧಾರಕರು ಕೈಕಟ್ಟಿ ಕುಳಿತಿರಬೇಕೇ ಎಂದು ಕೇಳಬಹುದು. ಪ್ರಶ್ನೆಯು ನ್ಯಾಯವಾದುದೇ. ಇದಕ್ಕೆ ಟ್ಯುನೀಸಿಯವು ಉತ್ತರವನ್ನು ಕೊಡುತ್ತದೆ. ಅಲ್ಲಿ 1930ರಲ್ಲಿ ತಾಹಿರ್ ಹದ್ದಾದ್ ಎಂಬ ವಿದ್ವಾಂಸರು ಇಸ್ಲಾಮಿನ ಆಧಾರದಿಂದಲೇ ಸ್ತ್ರೀಯರ ಹಕ್ಕುಗಳನ್ನು ಪ್ರತಿಪಾದಿಸಿ ಗ್ರಂಥವನ್ನು ಬರೆದರು. ಜೈತೂನಾ ವಿದ್ಯಾಪೀಠದ ಪಂಡಿತರು ಅವರನ್ನು ಖಂಡಿಸಿದರು. 1935ರಲ್ಲಿ ಎಳೆಯ ವಯಸ್ಸಿನಲ್ಲಿಯೇ ಅವರು ತೀರಿಕೊಂಡರು. ಆದರೆ ಅವರ ವಿಚಾರವು ಸಾಯಲಿಲ್ಲ. ನಾಡು ಸ್ವತಂತ್ರವಾದ ವರ್ಷವೇ, 1956ನೆಯ ಆಗಸ್ಟ್ 13ರಂದು, ಹಬೀಬ್ ಬೂರ್ಗಿಬಾರವರ ಸರಕಾರವು ಬಹುಪತ್ನೀತ್ವವನ್ನು ನಿಷೇಧಿಸಿ, ವಿಚ್ಛೇದನವನ್ನು ನ್ಯಾಯಾಲಯದ ವಶಕ್ಕೆ ಒಪ್ಪಿಸಿತು. ಪತ್ನಿಯರಲ್ಲಿ ಸಮಾನ ನ್ಯಾಯವನ್ನು ನಡೆಯಿಸಬೇಕೆಂಬ ಕುರಾನಿನ ನಿಬಂಧನೆಯನ್ನೇ ಅದಕ್ಕೆ ಆಧಾರವಾಗಿ ತೋರಿಸಲಾಯಿತು. ಬೂರ್ಗಿಬಾರವರು ನಿರಂಕುಶರೇ ಆಗಿದ್ದರೆಂಬುದನ್ನು ಮರೆಮಾಚಲಾಗದು. ಆದರೂ 2011ರ ಕ್ರಾಂತಿಯ ತರುವಾಯ, ಹೊಸ ರಾಜ್ಯಾಂಗದ ಕರಡಿನಲ್ಲಿ ಸ್ತ್ರೀಯು ಪುರುಷನಿಗೆ ಪೂರಕಳೆಂದು ಬರೆಯಲು ಹೊರಟಾಗ, 2012ರ ಆಗಸ್ಟ್ 13ರಂದೇ ಸಾವಿರಾರು ಮಂದಿ ಬೀದಿಗಿಳಿದು ಪ್ರತಿಭಟಿಸಿದರು. 2014ರ ರಾಜ್ಯಾಂಗದಲ್ಲಿ ಸಮಾನತೆಯೇ ಉಳಿಯಿತು. ಅಧಿಕಾರಿಗಳು ಕೊಟ್ಟುದನ್ನು ಎರಡು ತಲೆಮಾರುಗಳಲ್ಲಿ ಹೆಂಗಸರು ತಮ್ಮದನ್ನಾಗಿ ಮಾಡಿಕೊಂಡಿದ್ದರು.

ಈ ಮಾತಿಗೆ ಪರರಾಷ್ಟ್ರಗಳ ನಿದರ್ಶನವೇ ಬೇಕೆಂದಿಲ್ಲ. ಭರತಖಂಡದಲ್ಲಿ ಪ್ರಚಲಿತವಿದ್ದ ಹನಫೀ ಪಂಥದ ನಿಯಮದಂತೆ, ಗಂಡನು ಕಾಣೆಯಾದರೂ ಅನ್ನವಸ್ತ್ರ ಕೊಡದಿದ್ದರೂ ಹೆಂಡತಿಗೆ ಬಿಡುಗಡೆಯು ದುರ್ಲಭವಾಗಿತ್ತು. ದಿಕ್ಕು ತೋಚದೆ ಕೆಲವರು ಮತವನ್ನೇ ತ್ಯಜಿಸಿ ವಿವಾಹಬಂಧನದಿಂದ ಪಾರಾಗುತ್ತಿದ್ದರು. ಆಗ ಪೂರ್ವಾಚಾರಕ್ಕೆ ಹೆಸರಾದ ಮೌಲಾನಾ ಅಶ್ರಫ್ ಅಲಿ ಥಾನವಿಯವರೇ ಮುಂದೆ ಬಂದು, ಮಾಲಿಕೀ ಪಂಥದ ವಿದ್ವಾಂಸರ ಅಭಿಪ್ರಾಯವನ್ನು ತರಿಸಿ, ಅದರಂತೆ ನಡೆಯಬಹುದೆಂದು ಪ್ರತಿಪಾದಿಸಿದರು. ಮಹಮ್ಮದ್ ಅಹಮದ್ ಕಾಜ್ಮಿಯವರು ಕೇಂದ್ರ ಶಾಸನಸಭೆಯಲ್ಲಿ ಮಸೂದೆಯನ್ನು ಮಂಡಿಸಿದರು. 1939ರಲ್ಲಿ ಅದು ಕಾಯದೆಯಾಯಿತು. ನಾಲ್ಕು ವರ್ಷ ಗಂಡನ ಸುಳಿವಿಲ್ಲದಿದ್ದರೆ, ಎರಡು ವರ್ಷ ಅವನು ಪೋಷಿಸದಿದ್ದರೆ, ಅಥವಾ ಅವನು ಕ್ರೌರ್ಯದಿಂದ ನಡೆದರೆ, ಮುಸಲ್ಮಾನ ಸ್ತ್ರೀಯು ನ್ಯಾಯಾಲಯದಿಂದ ವಿಚ್ಛೇದನವನ್ನು ಪಡೆಯಬಹುದು. ಈ ಕಾಯದೆಯು ಇಂದಿಗೂ ನಡೆಯುತ್ತಲಿದೆ. ಇದರ ಸಲುವಾಗಿ ಯಾವ ಸಿಂಹಾಸನವೂ ಉರುಳಲಿಲ್ಲ.

ಇವೆಲ್ಲದರಿಂದ ತಿಳಿದುಬರುವುದಿಷ್ಟು. ಸಮ್ಮತಿಯು ತಾನಾಗಿ ಒದಗುವ ವಸ್ತುವಲ್ಲ, ಅದನ್ನು ದುಡಿದು ಸಂಪಾದಿಸಬೇಕು. ಶಾಲೆಯು ಕಾಯದೆಗಿಂತ ಮೊದಲು ಹಳ್ಳಿಯನ್ನು ಸೇರಬೇಕು. ಸುಧಾರಣೆಯ ಮಾತನ್ನು ಆ ಸಮಾಜದವರೇ ತಮ್ಮ ಗ್ರಂಥಗಳ, ತಮ್ಮ ನುಡಿಯ ಆಧಾರದಿಂದ ಆಡಬೇಕು. ಯಾರ ಹಕ್ಕಿನ ಪ್ರಶ್ನೆಯೋ ಅವರೇ ಅದರ ಕಾವಲಿಗೆ ನಿಲ್ಲಬೇಕು. ಹೊರಗಿನವರ ಹೀಯಾಳಿಕೆಯಿಂದ ಸಮಾಜದೊಳಗಣ ಸುಧಾರಕನ ಕೈ ಸೋಲುತ್ತದೆಯೇ ಹೊರತು ಬಲಗೊಳ್ಳುವುದಿಲ್ಲ.

ಇಂದು ಅಫಘಾನಿಸ್ತಾನದಲ್ಲಿ ನಡೆಯುತ್ತಿರುವುದನ್ನೂ ಇದೇ ಅಳತೆಗೋಲಿನಿಂದ ಅಳೆಯಬೇಕು. 2021ರಲ್ಲಿ ಅಧಿಕಾರಕ್ಕೆ ಬಂದ ತಾಲಿಬಾನರು ಆರನೆಯ ತರಗತಿಯಿಂದಾಚೆಗೆ ಹೆಣ್ಣುಮಕ್ಕಳಿಗೆ ಶಾಲೆಯನ್ನು ಮುಚ್ಚಿದರು. 2022ರ ಡಿಸೆಂಬರಿನಲ್ಲಿ ವಿಶ್ವವಿದ್ಯಾಲಯಗಳನ್ನೂ ಮುಚ್ಚಿದರು. ಜನರನ್ನು ಕೇಳದೆ ಮೇಲಿನಿಂದ ಹೇರಿದ ಇದೂ ಒಂದು ರಾಜಾಜ್ಞೆಯೇ. ಅದಕ್ಕೆ ಮುಂಚಿನ ಇಪ್ಪತ್ತು ವರ್ಷಗಳಲ್ಲಿ ಲಕ್ಷಾಂತರ ಅಫಘಾನ ತಂದೆತಾಯಿಗಳು ತಮ್ಮ ಹೆಣ್ಣುಮಕ್ಕಳನ್ನು ಶಾಲೆಗೆ ಕಳುಹಿದ್ದರು; ಅಮಾನುಲ್ಲಾ ದೊರೆಗಳಿಗೆ ದೊರೆಯದ ಜನಸಮ್ಮತಿಯು ಅಷ್ಟರಮಟ್ಟಿಗೆ ಈಗ ಆ ಮನೆಗಳಲ್ಲಿದೆ. ಆ ಸಮ್ಮತಿಯು ಬತ್ತದಂತೆ ನೋಡಿಕೊಳ್ಳುವುದು ನೆರೆಹೊರೆಯವರ ಕರ್ತವ್ಯ. ನಮ್ಮ ಸರಕಾರವೂ ನಮ್ಮ ವಿಶ್ವವಿದ್ಯಾಲಯಗಳೂ ಅಫಘಾನ ವಿದ್ಯಾರ್ಥಿನಿಯರಿಗೆ ಧಾರಾಳವಾಗಿ ಪ್ರವೇಶವನ್ನೂ ವಿದ್ಯಾರ್ಥಿವೇತನವನ್ನೂ ಕೊಡಬೇಕು. ನಾಡನ್ನು ಬಿಟ್ಟು ಬರಲಾರದವರಿಗೆ ದೂರಶಿಕ್ಷಣದ ಅನುಕೂಲವನ್ನು ಕಲ್ಪಿಸಬೇಕು. ಶಾಲೆಯ ಬಾಗಿಲು ಮರಳಿ ತೆರೆಯುವ ದಿನ ಪಾಠ ಹೇಳಲು ಅಲ್ಲಿ ಉಪಾಧ್ಯಾಯಿನಿಯರು ಸಿದ್ಧರಿರಬೇಕು.