ಚಾಮರಾಜನಗರದ ಘೇಂಡಾಮೃಗಗಳು

ಅಯನೆಸ್ಕೊನ 'ಘೇಂಡಾಮೃಗ' (1959) ನಾಟಕದಲ್ಲಿ ಊರಿನವರೆಲ್ಲ ಒಬ್ಬರ ಹಿಂದೊಬ್ಬರು ಮೃಗಗಳಾಗುತ್ತಾರೆ. ಮನುಷ್ಯನಾಗಿ ಉಳಿಯುವವನು ಒಬ್ಬ ಸಾಧಾರಣ ಗುಮಾಸ್ತ ಮಾತ್ರ. ನಮ್ಮಲ್ಲಿ ಈ ನಾಟಕವನ್ನು ಮುಖ್ಯಮಂತ್ರಿಗಳೇ ಆಡಿದರು. ಚಾಮರಾಜನಗರಕ್ಕೆ ಕಾಲಿಟ್ಟರೆ ಕುರ್ಚಿ ಹೋಗುತ್ತದಂತೆ! ಒಬ್ಬರು ಹೆದರಿದರು, ಹಿಂದೆ ಬಂದವರೂ ಹೆದರಿದರು. 1997ರಲ್ಲಿ ಹೊಸ ಜಿಲ್ಲೆಯನ್ನು ಸಮಾಜವಾದಿ ಜೆ.ಎಚ್. ಪಟೇಲರು ಕೂಡ ಊರಿಗೆ ಬಾರದೆ ಮಹದೇಶ್ವರ ಬೆಟ್ಟದಲ್ಲೇ ಉದ್ಘಾಟಿಸಿದರು. 2007ರಲ್ಲಿ ಕುಮಾರಸ್ವಾಮಿ ಬಂದರು, ಕುರ್ಚಿ ಹೋಯಿತು. ಬಿಜೆಪಿಗೆ ಅಧಿಕಾರ ಬಿಟ್ಟುಕೊಡದೆ ಸರ್ಕಾರ ಬಿದ್ದದ್ದು ಯಾರಿಗೂ ನೆನಪಿಲ್ಲ, ಕೆಟ್ಟ ಹೆಸರು ಊರಿಗೆ. 2013ರಲ್ಲಿ ಸಿದ್ದರಾಮಯ್ಯ ಬಂದರು, ಮತ್ತೆ ಮತ್ತೆ ಬಂದರು, 5 ವರ್ಷವನ್ನೂ ಪೂರೈಸಿದರು.

ನಗುವ ಮೊದಲು ನಮ್ಮ ಮನೆಗಳನ್ನೂ ನೋಡಿಕೊಳ್ಳೋಣ. ಸಫರ್ ತಿಂಗಳಿಗೆ ಅಪಶಕುನವಿಲ್ಲವೆಂದು ಪ್ರವಾದಿಯವರೇ (ಸ) ಹೇಳಿದ್ದರೂ 'ತೇರಾ ತೇಜಿ' ದಿನಗಳಲ್ಲಿ ನಿಕಾಹ್ ಬೇಡವೆನ್ನುವ ಹಿರಿಯರು ಗುಂಡ್ಲುಪೇಟೆಯಲ್ಲಿ ಇಲ್ಲವೇ? ಕೇಳಿದರೆ, 'ಎಲ್ಲರೂ ಹಾಗೇ ಮಾಡ್ತಾರಲ್ಲ ಬೇಟಾ' ಎನ್ನುತ್ತಾರೆ. ಅವರ ಭಯದಿಂದ ಒಂದು ಮದುವೆ ಮುಂದೆ ಹೋಗುತ್ತದೆ, ಅಷ್ಟೆ. ಕುರ್ಚಿಯಲ್ಲಿ ಕೂತವರ ಭಯ ಹಾಗಲ್ಲ. ದೊರೆ ತಿರುಗಿ ನೋಡದ ಊರಿನ ಆಸ್ಪತ್ರೆಯನ್ನು ಯಾರು ನೋಡುತ್ತಾರೆ? 2021ರ ಮೇ ತಿಂಗಳಲ್ಲಿ ಚಾಮರಾಜನಗರದ ಜಿಲ್ಲಾಸ್ಪತ್ರೆಯಲ್ಲಿ ಆಮ್ಲಜನಕದ ಕೊರತೆಯಾಗಿ, ಒಂದೇ ದಿನದೊಳಗೆ 24 ರೋಗಿಗಳು ಸತ್ತರು. ಸಿಲಿಂಡರುಗಳು ಮೈಸೂರಿನಿಂದ ಬರಬೇಕಾಗಿತ್ತು.